ಮಾರಮ್ಮನ ಮೂಲೆಯ ಮಣ್ಣು

ಹೋದ ತಿಂಗಳು ನಾನು ಪಿಂಚಣಿಯ ಕಾಗದಕ್ಕೆಂದು ಹುಣಸೂರಿನಲ್ಲಿ ಬಸ್ಸಿಳಿದ ಹೊತ್ತಿಗೆ ಯಾರೋ ದೊಡ್ಡ ಮನುಷ್ಯರು ಊರಿಗೆ ಬರುವವರಿದ್ದರಂತೆ. ಪೌರಕಾರ್ಮಿಕರು ಚರಂಡಿಯ ಎರಡೂ ಬದಿಗೆ ಸುಣ್ಣದ ಪುಡಿ ಚೆಲ್ಲುತ್ತಾ ಬರುತ್ತಿದ್ದರು. ಅದರ ಮೇಲೆ ಜಿನುಗು ಮಳೆ ಬಿತ್ತು. ಸುಣ್ಣದ ಪುಡಿಗೆ ಮಳೆ ಬಿದ್ದರೆ ಮೂಗಿನೊಳಗೆ ಚುರುಕ್ಕೆನ್ನುವ ಒಂದು ವಾಸನೆ ಏಳುತ್ತದೆ. ಬೇರೆಯವರಿಗೆ ಅದು ಹಬ್ಬಕ್ಕೆ ಗೋಡೆ ಬಳಿಯುವ ವಾಸನೆ. ನಾನು ಸೆರಗಿನಿಂದ ಮೂಗು ಮುಚ್ಚಿ ಬಸ್‌ಸ್ಟ್ಯಾಂಡಿನ ಕಂಬ ಹಿಡಿದುಕೊಂಡೆ. ಪಕ್ಕದಲ್ಲಿ ಹೂ ಮಾರುತ್ತಿದ್ದವಳು, "ಏನಾಯ್ತವ್ವಾ? ಬಿಸ್ಲೂ ಇಲ್ವಲ್ಲ!" ಎಂದು ನೀರಿನ ಬಾಟಲಿ ಚಾಚಿದಳು. ಏನಿಲ್ಲ ಕಣಮ್ಮ ಎಂದೆ. ಈ ವಿಷಯದಲ್ಲಿ ಏನಿಲ್ಲ ಎಂದು ಹೇಳಿ ಹೇಳಿ ನನಗೆ ರೂಢಿಯಾಗಿಬಿಟ್ಟಿದೆ.

ನಾನು ದನದ ಡಾಕ್ಟರು. ಈಗ ನಿವೃತ್ತಿಯಾಗಿ ಮೈಸೂರಿನ ಮಗಳ ಮನೆಯಲ್ಲಿ ಸೊಪ್ಪು ಬಿಡಿಸಿಕೊಂಡು ಕೂತಿದ್ದೇನೆ. ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ, ಹುಣಸೂರು ಅಂತ ನೌಕರಿಯನ್ನೆಲ್ಲ ಈ ಸುತ್ತಿನಲ್ಲೇ ಸವೆಸಿದವಳು. ವರ್ಷಗಳೆಲ್ಲ ಒಂದರೊಳಗೊಂದು ಕಲಸಿಹೋಗಿವೆ. ಯಾವ ಎಮ್ಮೆ ಯಾವ ಊರಿನದು ಎಂದು ಕೇಳಿದರೆ ತಡವರಿಸುತ್ತೇನೆ. ಹುಣಸೂರಿನ ಆ ಒಂದು ಮುಂಗಾರು ಮಾತ್ರ ಯಾವುದರ ಜೊತೆಗೂ ಕಲೆಯದೆ ನಿಂತಿದೆ. ಕೊರೊನಾ ಮುಗಿದು, ಜನ ಮಾಸ್ಕನ್ನು ಮೊಳೆಗೆ ನೇತುಹಾಕಿ ಮರೆತಿದ್ದ ಕಾಲ ಅದು.

ಆ ಬೇಸಿಗೆಯಲ್ಲಿ ನಮ್ಮನ್ನೆಲ್ಲ ಮೈಸೂರಿಗೆ ಕರೆಸಿ ಒಂದು ತರಬೇತಿ ಕೊಟ್ಟಿದ್ದರು. ವಿಷಯ, ಜೈವಿಕ ಭಯೋತ್ಪಾದನೆ. ಕತ್ತಲೆ ಮಾಡಿದ ಕೋಣೆಯಲ್ಲಿ ಪರದೆಯ ಮೇಲೆ ಚಿತ್ರಗಳು ಓಡಿದವು. ಕೋಟೆ ಮುತ್ತಿದ ಸೈನ್ಯವೊಂದು ಪ್ಲೇಗಿನಲ್ಲಿ ಸತ್ತವರ ಹೆಣಗಳನ್ನು ಗೋಡೆಯಾಚೆ ಎಸೆದದ್ದು, ಸಿಡುಬಿನವರು ಹೊದ್ದ ಕಂಬಳಿಗಳನ್ನು ಬಿಳಿಯರು ಅಮೆರಿಕದ ಮೂಲನಿವಾಸಿಗಳಿಗೆ ಉಡುಗೊರೆ ಕೊಟ್ಟದ್ದು, ಚೀನಾದ ಊರುಗಳ ಮೇಲೆ ಜಪಾನಿನ ವಿಮಾನಗಳು ಪ್ಲೇಗಿನ ಚಿಗಟ ಸುರಿದದ್ದು, ಅಮೆರಿಕದ ಅಂಚೆಯಲ್ಲಿ ಲಕೋಟೆಯೊಳಗೆ ಬಂದ ಆಂಥ್ರಾಕ್ಸ್ ಪುಡಿ. ನನ್ನ ಮನಸ್ಸಿನಲ್ಲಿ ಉಳಿದದ್ದು ರಷ್ಯಾದ ಒಂದು ಊರಿನ ಕಥೆ. ಅಲ್ಲಿ ಸೇನೆಯ ಕಾರ್ಖಾನೆಯಿಂದ ಆಂಥ್ರಾಕ್ಸ್ ಗಾಳಿಗೆ ಸೋರಿ ಜನ ಸತ್ತರು. ಸರ್ಕಾರ ಮಾತ್ರ ವರ್ಷಗಟ್ಟಲೆ, ರೋಗ ಬಂದ ದನದ ಮಾಂಸ ತಿಂದು ಸತ್ತರು ಎಂದೇ ಸಾಧಿಸಿತು. ಆಯುಧವನ್ನು ದನದ ತಲೆಗೆ ಕಟ್ಟಿದರಲ್ಲ ಪುಣ್ಯಾತ್ಮರು ಎಂದು ಪಕ್ಕದವರ ಕಿವಿಯಲ್ಲಿ ಹೇಳಿ ನಕ್ಕಿದ್ದೆ.

ಕೊನೆಗೆ ಪ್ರಶ್ನೆ ಕೇಳಿ ಎಂದರು. ನನಗೋ ಬಾಯಿ ಸುಮ್ಮನಿರುವುದಿಲ್ಲ. "ಸರ್, ನಮ್ಮ ತಾಲ್ಲೂಕಿನಲ್ಲಿ ಹೀಗೊಂದು ಅನುಮಾನ ಬಂದರೆ ಸ್ಯಾಂಪಲ್ ಯಾರ ಕೈಲಿರುತ್ತೆ? ನಮ್ಮ ಹತ್ರಾನಾ, ಆರೋಗ್ಯ ಇಲಾಖೆ ಹತ್ರಾನಾ, ಪೊಲೀಸರ ಹತ್ರಾನಾ? ರಿಪೋರ್ಟು ಮೊದಲು ಯಾರಿಗೆ ಬರುತ್ತೆ?" ಎಂದೆ. "ಒಳ್ಳೆ ಪ್ರಶ್ನೆ ಮೇಡಂ, ಊಟ ಆದ್ಮೇಲೆ ನೋಡೋಣ" ಎಂದರು. ಊಟಕ್ಕೆ ಹೋಳಿಗೆ ಇತ್ತು. ಊಟವಾದ ಮೇಲೆ ಯಾರೂ ನೋಡಲಿಲ್ಲ.

ಕಟ್ಟೆಮಳಲವಾಡಿಯಿಂದ ಒಳಕ್ಕೆ ಹೋದರೆ ಸಿಗುವ ಒಂದು ಊರು. ಹೆಸರು ಬೇಡ, ಆ ಹೆಸರು ಟಿವಿಯಲ್ಲಿ ಬಂದದ್ದೇ ಸಾಕು. ಅಲ್ಲಿನ ಕೆರೆ ಸಮಿತಿಗೆ ಶಿವಣ್ಣನವರು ಅಧ್ಯಕ್ಷರು. ಹಣೆತುಂಬ ವಿಭೂತಿ, ಬಾಯ್ತುಂಬ ಮಾತು, ಹೊಗೆಸೊಪ್ಪಿನ ಬೆಳೆಗಾರರು. ಸೀಮೆಹಸುವಿಗೆ ಮೈ ಹುಷಾರಿಲ್ಲವೆಂದು ನನ್ನನ್ನು ಕರೆಸಿದರೆ ಅವರೆಕಾಯಿ ಕೊಡದೆ ಕಳಿಸುತ್ತಿರಲಿಲ್ಲ. ಕೆರೆ ಬತ್ತಿದಾಗ ಗೋಡು, ಅಂದರೆ ಕೆರೆಯ ಹೂಳುಮಣ್ಣು, ತೆಗೆದು ಹೊಲಕ್ಕೆ ಹೊಡೆಯುವುದು ಈ ಕಡೆಯ ಹಳೆಯ ಪದ್ಧತಿ. ಆ ವರ್ಷ ಜೆಸಿಬಿ ತರಿಸಿದರು. ಟ್ರ್ಯಾಕ್ಟರುಗಳು ಏರಿಯ ಮೇಲೆ ಮದುವೆ ದಿಬ್ಬಣದ ಹಾಗೆ ಸಾಲುಗಟ್ಟಿದವು.

ಕೆರೆಯ ಒಂದು ಮೂಲೆಯನ್ನು ಮಾತ್ರ ಯಾರೂ ಮುಟ್ಟುತ್ತಿರಲಿಲ್ಲ. ಅಲ್ಲೊಂದು ಕಲ್ಲು, ಅದಕ್ಕೆ ಸುಣ್ಣ ಕೆಮ್ಮಣ್ಣಿನ ಪಟ್ಟೆ. ಮಾರಮ್ಮನ ಮೂಲೆ ಎಂದು ಹೆಸರು. ಯಾವ ಕಾಲದಲ್ಲೋ ಊರ ದನವೆಲ್ಲ ಸಾಲಾಗಿ ಸತ್ತಾಗ ಅಲ್ಲಿ ಹೂತು, ಅಮ್ಮನನ್ನು ಕೂರಿಸಿ, ಇಲ್ಲಿಯ ಹುಲ್ಲು ಕೊಯ್ಯಬಾರದು, ಮಣ್ಣು ಎತ್ತಬಾರದು, ದನ ಬಿಡಬಾರದು ಎಂದು ಕಟ್ಟು ಮಾಡಿದ್ದರಂತೆ. ಕಟ್ಟು ಉಳಿದಿತ್ತು, ಕಾರಣ ಮರೆತುಹೋಗಿತ್ತು. ಎಲ್ಲ ಕಡೆ ಗೋಡು ಮುಗಿಯುತ್ತಾ ಬಂದಾಗ ಊರವರ ಕಣ್ಣು ಆ ಮೂಲೆಯ ಕಪ್ಪು ಮಣ್ಣಿನ ಮೇಲೆ ಬಿತ್ತು. ಹಾಗಂತ ಅವರೇನು ಅಮ್ಮನನ್ನು ಧಿಕ್ಕರಿಸಲಿಲ್ಲ. ಅವಳ ಪೂಜೆ ಮಾಡುವ ಗುಡ್ಡಪ್ಪನನ್ನು ಕರೆಸಿ, ಹೂ ಕೇಳಿ, ಅಪ್ಪಣೆ ಪಡೆದು, ಮೊಸರನ್ನದ ಎಡೆ ಇಟ್ಟು, ತಮಟೆ ಬಡಿಸಿಕೊಂಡು ಕಲ್ಲನ್ನು ಏರಿಯ ಮೇಲಕ್ಕೆ ಸಾಗಿಸಿದರು. ಅಮ್ಮ ಜಾಗ ಬಿಟ್ಟ ಮೇಲೆ ಕಟ್ಟೂ ಅವಳ ಜೊತೆ ಹೋಯಿತಲ್ಲ! ಮಾರನೆಯ ದಿನ ಜೆಸಿಬಿ ಆ ಮೂಲೆಗೆ ಬಾಯಿ ಹಾಕಿತು. ಇದೆಲ್ಲ ನನಗೆ ತಿಳಿದದ್ದು ಆಮೇಲೆ.

ಆ ಮಣ್ಣು ಕೆಲವು ಲೋಡು ಶಿವಣ್ಣನವರ ಹೊಲದ ಬದುವಿಗೆ ಬಿತ್ತು, ಕೆಲವು ಲೋಡು ಪಕ್ಕದ ಶುಂಠಿ ಹೊಲಕ್ಕೆ. ಶುಂಠಿಯವನು ಜೋಸೆಫ್. ಕೇರಳದ ಮಾನಂದವಾಡಿ ಕಡೆಯಿಂದ ಬಂದು ಹೊಲ ಗುತ್ತಿಗೆ ಹಿಡಿದು, ಅಲ್ಲೇ ಪ್ಲಾಸ್ಟಿಕ್ ಹೊದಿಸಿದ ಶೆಡ್ಡಿನಲ್ಲಿ ಇರುತ್ತಿದ್ದ. ಊರವರ ಬಾಯಲ್ಲಿ ಅವನು ಜೋಸಪ್ಪ. ಮಿತಭಾಷಿ, ಆದರೆ ಊರಿನಲ್ಲಿ ಯಾರ ಪಂಪು ಕೆಟ್ಟರೂ ಅವನೇ ಬಿಚ್ಚಬೇಕು. ನಾನು ಹೋದಾಗಲೆಲ್ಲ ಕರಿ ಚಹಾಕ್ಕೆ ಹಸಿ ಶುಂಠಿ ಜಜ್ಜಿ ಹಾಕಿಕೊಡುತ್ತಿದ್ದ. "ಹಾಲು ಬೇಡ ಡಾಕ್ಟರೇ, ಶುಂಠಿಗೆ ಹಾಲು ಸೇರಿದ್ರೆ ಶುಂಠಿಗೆ ಬೇಜಾರು" ಎನ್ನುತ್ತಿದ್ದ.

ಮಳೆ ಚೆನ್ನಾಗಿಯೇ ಹಿಡಿಯಿತು. ಬದುಗಳ ಮೇಲೆ ಹುಲ್ಲು ಉಕ್ಕಿ ಬಂತು. ಒಂದು ಬೆಳಿಗ್ಗೆ ಶಿವಣ್ಣನವರ ಫೋನು. "ಡಾಕ್ಟ್ರಮ್ಮ, ಬಲಗಡೆ ಎತ್ತು ನಿಂತಂಗೇ ಬಿದ್ದೋಯ್ತು. ನಿನ್ನೆ ಸಂಜೆ ತಾನೆ ಬದೂಲಿ ಮೇದದ್ದು. ಮೂಗಲ್ಲಿ ಕರೀ ರಕ್ತ ಬತ್ತಾ ಅದೆ." ಆ ಹಳ್ಳಿಕಾರ್ ಜೋಡಿಯನ್ನು ಅವರು ಮಕ್ಕಳಂತೆ ಸಾಕಿದ್ದರು. ನಾನು ಕಿರುಚಿದೆ: "ಕುಯ್ಯಬೇಡಿ! ಚರ್ಮ ಬಿಚ್ಚಬೇಡಿ! ಯಾರೂ ಮುಟ್ಟಬೇಡಿ, ಬಂದೆ."

ಹೋಗಿ ನೋಡಿದರೆ ಹೊಟ್ಟೆ ಉಬ್ಬಿದೆ, ರಕ್ತ ಹೆಪ್ಪುಗಟ್ಟಿಲ್ಲ. ಕಿವಿಯಿಂದ ಒಂದು ಹನಿ ರಕ್ತ ಗಾಜಿನ ಪಟ್ಟಿಯ ಮೇಲೆ ತೆಗೆದುಕೊಂಡೆ. ಹುಣಸೂರಿಗೆ ತಂದು ಬಣ್ಣ ಹಾಕಿ ಸೂಕ್ಷ್ಮದರ್ಶಕದಲ್ಲಿ ಇಣುಕಿದಾಗ ನೀಲಿ ಕಡ್ಡಿಗಳು ಕಂಡವು. ಆಂಥ್ರಾಕ್ಸ್. ಹಳಬರು ನೆರಡಿ ಎನ್ನುತ್ತಿದ್ದ ರೋಗ. ಮಣ್ಣಿನೊಳಗೆ ತಲೆಮಾರುಗಟ್ಟಲೆ ಮಲಗಿದ್ದು, ಮೇಲೆ ಬಂದು ಹುಲ್ಲಿಗಂಟಿದರೆ ಎದ್ದು ಕೂರುವ ರೋಗ.

ಎತ್ತನ್ನು ಹೂಳಬೇಕಲ್ಲ? ಮುಟ್ಟಬೇಡಿ ಎಂದು ನಾನೇ ಹೇಳಿದ್ದೆ, ಊರವರು ದೂರ ನಿಂತರು. ಶಿವಣ್ಣನವರು ಟವೆಲ್ಲಿನಲ್ಲಿ ಮುಖ ಮುಚ್ಚಿಕೊಂಡು ಅಳುತ್ತಿದ್ದರು. "ಜೋಸಪ್ಪ, ನಿನ್ನ ಗಾಡೀಲಿ ಎಳ್ಕೊಟ್ಬುಡಪ್ಪ, ನಿನ್ ಕಾಲಿಗೆ ಬೀಳ್ತೀನಿ" ಎಂದರು. ಜೋಸೆಫ್ ಎರಡು ಮಾತಾಡದೆ ಟ್ರ್ಯಾಕ್ಟರ್ ತಂದ. ನಾನು ಕೈಗವಸು ಕೊಟ್ಟೆ. ಆದರೆ ಎತ್ತಿನ ಕಾಲಿಗೆ ಹಗ್ಗ ಬಿಗಿಯುವಾಗ ಒಂದು ಹರಿದುಹೋಯಿತು. ಶುಂಠಿ ಕೆಲಸದವನ ಕೈ, ಎಲ್ಲೆಲ್ಲೂ ಗೀರು. ಆಳಕ್ಕೆ ಗುಂಡಿ ತೋಡಿಸಿ, ಎತ್ತನ್ನು ಇಳಿಸಿ, ಮೇಲೂ ಕೆಳಗೂ ಸುಣ್ಣ ಸುರಿದು ಮುಚ್ಚಿದೆವು. ಸುಣ್ಣದ ಮೇಲೆ ಮಳೆ ಬಿತ್ತು. ಆ ವಾಸನೆ ಅವತ್ತು ನನ್ನ ಮೂಗಿಗೆ ಹತ್ತಿದ್ದು ಇವತ್ತಿಗೂ ಬಿಟ್ಟಿಲ್ಲ.

ಆಮೇಲೆ ಶಿವಣ್ಣನವರನ್ನು ಪಕ್ಕಕ್ಕೆ ಕರೆದು, ಈ ಬದುವಿಗೆ ಮಣ್ಣು ಎಲ್ಲಿಯದು ಎಂದು ಕೇಳಿದೆ. ಅವರು ಕಾಲಿನ ಹೆಬ್ಬೆರಳಲ್ಲಿ ನೆಲ ಕೆರೆಯುತ್ತಾ ಮಾರಮ್ಮನ ಮೂಲೆಯ ಕಥೆ ಹೇಳಿದರು. "ಅಮ್ಮನ್ನೇ ಮರ್ವಾದೆಯಿಂದ ಎತ್ತಿ ಮಡಗಿದ್ಮ್ಯಾಕೆ ಬರೀ ಮಣ್ಣಲ್ಲಿ ಏನಿದ್ದಾತು ಡಾಕ್ಟ್ರಮ್ಮ? ಈಗ ರೋಗ ಆ ಮಣ್ಣಿಂದ್ಲೇ ಬಂತು ಅಂತ ಊರ್ನೋರ್ಗೆ ಗೊತ್ತಾದ್ರೆ ಗೋಡು ಹಂಚಿದೋನು ನಾನು ಅಂತ ನನ್ನ ಸುಮ್ಕೆ ಬುಟ್ಟಾರಾ?"

"ನಾನು ಮೇಲಕ್ಕೆ ಇದ್ದದ್ದನ್ನ ಇದ್ದ ಹಾಗೆ ಹೇಳ್ತೀನಿ. ಕೇಳಿದಾಗ ನೀವೂ ಹೇಳಬೇಕು. ಬೇರೆ ದನಗಳಾದರೂ ಉಳೀಲಿ."

"ಯೋಳ್ತೀನಿ ಬುಡಿ" ಎಂದರು.

ಹೇಳುವುದಕ್ಕೆ ಮುಂಚೆ ಇನ್ನೆರಡು ಹಸು ಸತ್ತವು, ಮತ್ತು ಒಂದು ವಿಡಿಯೊ ಹುಟ್ಟಿತು. ಯಾರೋ ಗುಂಡಿಯ ಸುತ್ತ ಚೆಲ್ಲಿದ್ದ ನನ್ನ ಸುಣ್ಣವನ್ನು ಫೋನಿನಲ್ಲಿ ಹಿಡಿದು, ಆಮೇಲೆ ಜೋಸೆಫನ ಶುಂಠಿ ಪಾತಿಗೆ ತಿರುಗಿಸಿದ್ದರು. ಕೊಳೆರೋಗಕ್ಕೆಂದು ಅವನೂ ಪಾತಿಗೆ ಸುಣ್ಣ ಹಾಕಿದ್ದ. "ನೋಡ್ರಪ್ಪಾ, ಇಲ್ಲೂ ಬಿಳಿ ಪುಡಿ, ಅಲ್ಲೂ ಬಿಳಿ ಪುಡಿ" ಎಂದು ಹಿಂದಿನಿಂದ ಒಂದು ದನಿ. ಸಂಜೆಗೆ ಅದು ಹುಣಸೂರಿನ ಅಂಗಡಿಗಳಲ್ಲಿ, ಮಾರನೆಯ ದಿನ ಟಿವಿಯಲ್ಲಿ. ಗಡಿಯಾಚೆಯಿಂದ ಬಂದ ಆಗಂತುಕ, ನಿಗೂಢ ಪುಡಿ, ಜೈವಿಕ ಭಯೋತ್ಪಾದನೆ. ತರಬೇತಿಯ ಕತ್ತಲೆ ಕೋಣೆಯಲ್ಲಿ ಕೇಳಿದ್ದ ಮಾತು ಹೊಗೆಸೊಪ್ಪು ಬೇಯಿಸುವ ಬ್ಯಾರನ್ ಮನೆಗಳ ಮುಂದೆ ಕೂತವರ ಬಾಯಲ್ಲೆಲ್ಲ ಓಡಾಡತೊಡಗಿತು. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುವ ಜನ. ರಷ್ಯಾದವರು ಆಯುಧವನ್ನು ದನದ ತಲೆಗೆ ಕಟ್ಟಿದ್ದರು. ನಮ್ಮವರು ದನದ ರೋಗವನ್ನು ಆಯುಧ ಮಾಡಿದರು. ಈ ಸಲ ನನಗೆ ನಗು ಬರಲಿಲ್ಲ.

ಜೀಪುಗಳು ಬಂದವು. ಬಿಳಿ ಉಡುಪಿನವರು ಬಂದರು. ನನ್ನ ಗಾಜಿನ ಪಟ್ಟಿಗಳು, ಮಣ್ಣಿನ ಪೊಟ್ಟಣಗಳು ಎಲ್ಲವನ್ನೂ ಸಾಕ್ಷ್ಯವೆಂದು ಸೀಲು ಮಾಡಿ ಎಲ್ಲಿಗೋ ಕಳಿಸಿದರು. ರಿಪೋರ್ಟು ನನಗೆ ಯಾವಾಗ ಬರುತ್ತದೆ ಎಂದರೆ, ನಿಮಗೆ ಯಾಕೆ ಬರಬೇಕು ಎಂದರು. ಸುತ್ತಲ ಊರುಗಳ ದನಗಳಿಗೆ ಹಾಕಲು ನಾನು ಲಸಿಕೆ ತರಿಸಿಟ್ಟಿದ್ದೆ. ಒಬ್ಬ ಇನ್ಸ್‌ಪೆಕ್ಟರ್ ಫ್ರಿಜ್ಜಿನ ಬಾಗಿಲು ತೆಗೆದು ಒಂದು ಬಾಟಲಿಯನ್ನು ಬೆಳಕಿಗೆ ಹಿಡಿದರು.

"ಇದರಲ್ಲಿ ಏನಿರುತ್ತೆ ಮೇಡಂ?"

ಸುಳ್ಳು ಹೇಳಲೇ? "ಅದೇ ರೋಗದ ಬೀಜಾಣು. ಆದರೆ ರೋಗ ತರುವ ಶಕ್ತಿ ತೆಗೆದಿರ್ತಾರೆ."

"ಜೀವ ಇರೋದೋ, ಸತ್ತದ್ದೋ?"

"ಜೀವ ಇರೋದೇ. ಇಲ್ಲದಿದ್ರೆ ಕೆಲಸ ಮಾಡಲ್ಲ."

ಅವರು ಬಾಟಲಿಯನ್ನು ಹಾವಿನ ಮರಿಯ ಹಾಗೆ ಕೆಳಗಿಟ್ಟರು. "ಅಂದ್ರೆ ಊರಿನ ತುಂಬ ಆಂಥ್ರಾಕ್ಸ್ ಹರಡಿದೆ ಅಂತ ಕೇಸಾಗಿರೋವಾಗ ನಿಮ್ಮ ಫ್ರಿಜ್ಜಲ್ಲಿ ಜೀವಂತ ಆಂಥ್ರಾಕ್ಸ್ ಇದೆ." ಕೆಟ್ಟ ಮನುಷ್ಯರಲ್ಲ, ಪಾಪ. ಅವರಿಗೂ ಮೇಲಿನವರು ಇದ್ದರು. ಫ್ರಿಜ್ಜಿಗೆ ಸೀಲು ಬಿತ್ತು. ಲಸಿಕೆ ಹಾಕದೆ ಆ ವಾರ ಪಕ್ಕದ ಊರುಗಳಲ್ಲೂ ದನ ಬಿದ್ದವು. ನಾನು ಜಿಲ್ಲೆಗೆ ಫೋನು ಮಾಡಿದೆ, ಅತ್ತೆ, ಬೈದೆ. ಆರೋಗ್ಯದವರು ಪೊಲೀಸರನ್ನು ಕೇಳಿ ಎಂದರು, ಪೊಲೀಸರು ಜಿಲ್ಲಾಡಳಿತವನ್ನು ಕೇಳಿ ಎಂದರು, ಜಿಲ್ಲಾಡಳಿತದವರು ರಿಪೋರ್ಟು ಬರಲಿ ಎಂದರು.

ಶಿವಣ್ಣನವರನ್ನು ಪಂಚಾಯ್ತಿ ಜಗಲಿಯ ಮೇಲೆ ಎಲ್ಲರೆದುರೇ ವಿಚಾರಿಸಿದರು. ನಾನೂ ಇದ್ದೆ. ರೋಗ ಕೆರೆಮಣ್ಣಿನಿಂದ ಬಂದದ್ದು ಅಂತ ಮೇಡಂ ಹೇಳ್ತಾರಲ್ಲ, ನಿಮಗೇನು ಗೊತ್ತು ಎಂದು ಇನ್ಸ್‌ಪೆಕ್ಟರ್ ಅವರನ್ನು ಕೇಳಿದರು. ಜಗಲಿಯ ಕೆಳಗೆ ಇಡೀ ಊರು ನಿಂತಿತ್ತು, ದನ ಕಳೆದುಕೊಂಡವರೂ ನಿಂತಿದ್ದರು. ಶಿವಣ್ಣನವರು ನನ್ನ ಮುಖ ನೋಡಲಿಲ್ಲ. "ಗೋಡು ತಲತಲಾಂತರದಿಂದ ಹೊಡೀತಾ ಇದೀವಿ ಸಾಮಿ, ಯಾವತ್ತೂ ಇಂಗಾಗಿಲ್ಲ" ಎಂದರು. ಮಾರಮ್ಮನ ಮೂಲೆ? "ಅಲ್ಲಿ ನಾವು ಮುಟ್ಟಿಲ್ಲ." ಅವತ್ತು ತಮಟೆಯ ಹಿಂದೆ ನಡೆದಿದ್ದ ಊರೆಲ್ಲ ಹೌದೆಂದು ತಲೆಯಾಡಿಸಿತು. ಆ ಕೇರಳದವನು ಎತ್ತು ಸತ್ತ ದಿನ ಅಲ್ಲಿದ್ದನಂತಲ್ಲ? ನೆಲ ನೋಡುತ್ತಾ, "ಇದ್ದ" ಎಂದರು. ಯಾಕಿದ್ದ, ಯಾರು ಕರೆದದ್ದು ಎಂದು ಯಾರೂ ಕೇಳಲಿಲ್ಲ, ಅವರೂ ಹೇಳಲಿಲ್ಲ. "ಕರೆದದ್ದು ಇವರೇ!" ಎಂದು ನಾನು ಕೂಗಿಕೊಂಡೆ. ಗುಂಪಿನಲ್ಲಿ ಯಾರೋ, "ಡಾಕ್ಟ್ರಮ್ಮಂಗೆ ಅವ್ನ ಟೀ ರುಚಿ ಅತ್ತದೆ ಕಣ್ಲಾ" ಎಂದರು. ಜನ ನಕ್ಕರು.

ಅವತ್ತೇ ಶೆಡ್ಡಿಗೆ ಹೋದೆ. ಆ ಸೆಖೆಯಲ್ಲೂ ಜೋಸೆಫ್ ತುಂಬುತೋಳಿನ ಅಂಗಿ ಹಾಕಿ ಗುಂಡಿ ಬಿಗಿದಿದ್ದ. ಚಹಾದ ಲೋಟ ಚಾಚುವಾಗ ತೋಳು ಮೇಲೆ ಸರಿಯಿತು. ಮುಂಗೈ ಮೇಲೆ ಇದ್ದಿಲಿನ ಚೂರಿನಷ್ಟು ಕಪ್ಪು ಹುಣ್ಣು, ಸುತ್ತ ಊತ.

"ನೋವಿಲ್ಲ ಡಾಕ್ಟರೇ" ಎಂದ.

"ನೋವಿಲ್ಲ ಅನ್ನೋದೇ ಕೆಟ್ಟದ್ದು ಕಣಯ್ಯ! ಏಳು, ಆಸ್ಪತ್ರೆಗೆ ಹೋಗೋಣ. ಮಾಮೂಲಿ ಮಾತ್ರೆಗೆ ವಾಸಿಯಾಗುತ್ತೆ."

"ಹೋದ್ರೆ ಕೇಳ್ತಾರೆ ಅಲ್ವಾ, ಊರಲ್ಲಿ ಯಾರಿಗೂ ಬರದ ಹುಣ್ಣು ನಿನಗೆ ಮಾತ್ರ ಯಾಕೆ ಬಂತು ಅಂತ? ಪುಡಿ ಮಾಡಿದೋನ ಕೈಗೆ ಮೊದಲು ಬರುತ್ತೆ ಅಂತ ಟಿವೀಲಿ ಹೇಳಿದಾರೆ."

ಹುಣ್ಣೂ ಸಾಕ್ಷಿಯಾಗಿತ್ತು. ಅವನ ಹೆಂಡತಿ ಊರಿನಿಂದ ಫೋನು ಮಾಡಿ ಬಂದುಬಿಡಿ ಎಂದು ಅಳುತ್ತಿದ್ದಳಂತೆ. ಸರ್ಕಾರಿ ಆಸ್ಪತ್ರೆಯ ಎಳೆಯ ಡಾಕ್ಟರಿಗೆ ಅಲ್ಲಿಂದಲೇ ಫೋನು ಮಾಡಿದೆ. "ಮೇಡಂ, ನನಗೂ ಗೊತ್ತು, ಆದರೆ ಅಂಥ ಕೇಸು ಬಂದ್ರೆ ಮುಟ್ಟದೆ ಮೊದಲು ಪೊಲೀಸರಿಗೆ ತಿಳಿಸಿ ಅಂತ ಆದೇಶ ಬಂದಿದೆ" ಎಂದರು. ನಾನು ಹುಣಸೂರಿಗೆ ಓಡಿ, ಗುರುತಿನ ಔಷಧಿ ಅಂಗಡಿಯಲ್ಲಿ ಮಾತ್ರೆ ಕೊಂಡು ತಂದು ಅವನ ಕೈಗಿತ್ತೆ. ಮನುಷ್ಯರಿಗೆ ಮದ್ದು ಕೊಡುವ ಹಕ್ಕು ನನಗಿಲ್ಲ. ಕೊಟ್ಟೆ. ಈಗಲೂ ಕೊಡುತ್ತೇನೆ. "ಒಂದೂ ತಪ್ಪಿಸಬೇಡ. ಊರಿಗೆ ಹೋಗಿ ಅಲ್ಲಿ ಒಳ್ಳೆ ಆಸ್ಪತ್ರೆಗೆ ಸೇರ್ಕೋ" ಎಂದೆ. ನನ್ನೆದುರೇ ಒಂದು ನುಂಗಿ ನೀರು ಕುಡಿದ. "ಶುಂಠಿಗೆ ಮಣ್ಣು ಏರಿಸಬೇಕಿತ್ತು" ಎಂದು ಪಾತಿಯ ಕಡೆ ನೋಡಿದ.

ಮರುದಿನ ಎಚ್.ಡಿ. ಕೋಟೆಯ ಮೇಲೆ ಊರಿಗೆ ಹೊರಟವನನ್ನು ಗಡಿಯ ಚೆಕ್‌ಪೋಸ್ಟಿನಲ್ಲಿ ಪೊಲೀಸರು ಬಸ್ಸಿನಿಂದ ಇಳಿಸಿದರು. ಅಷ್ಟರಲ್ಲಿ ಅವನ ಫೋಟೊ ಎಲ್ಲರ ಫೋನಿನಲ್ಲಿತ್ತು. ಚೀಲದಲ್ಲಿ ಮಾತ್ರೆ ಸಿಕ್ಕಿತು. ಸಂಜೆ ಟಿವಿಯಲ್ಲಿ ಆ ಮಾತ್ರೆಯನ್ನೇ ದೊಡ್ಡದಾಗಿ ತೋರಿಸಿದರು: ರೋಗ ಹರಡುವವನು ತನಗೆ ಮಾತ್ರ ಮದ್ದು ಇಟ್ಟುಕೊಂಡಿದ್ದ. ಮಾತ್ರೆಗೂ ಸೀಲು ಬಿತ್ತು. ನಾನು ಠಾಣೆಗೆ ಓಡಿ, ಕೊಟ್ಟದ್ದು ನಾನು, ನನ್ನನ್ನು ಹಿಡಿಯಿರಿ, ಅವನಿಗೆ ಮದ್ದು ಕೊಡಿ ಎಂದು ಮೇಜು ಗುದ್ದಿದೆ. ಹೇಳಿಕೆ ಬರೆಸಿಕೊಂಡರು, ಸಹಿ ಹಾಕಿಸಿಕೊಂಡರು. ಆಮೇಲೆ ಇಲಾಖೆಯಿಂದ ನನಗೆ ನೋಟಿಸು ಬಂತು. ಅವನನ್ನು ಎಲ್ಲೋ ಒಂದು ಒಂಟಿ ಕೋಣೆಯಲ್ಲಿಟ್ಟು, ವಿಶೇಷ ತಂಡ ಬರುವ ತನಕ, ಪರೀಕ್ಷೆಯಾಗುವ ತನಕ ಎಂದು ಕಾದರು. ವಿಷ ರಕ್ತಕ್ಕೆ ಸೇರಿ ಜೋಸೆಫ್ ಸತ್ತ. ಯಾವ ಔಷಧಿ ಅಂಗಡಿಯಲ್ಲೂ ಸಿಗುವ ಮಾತ್ರೆ ಸಿಗದೆ ಸತ್ತ.

ಹೆಂಡತಿ ಬಂದಳು. ಮಣ್ಣು ಮಾಡುವ ಜನ ಅವರು. ಹೆಣ ಕೊಡಲಾಗದು, ನಿಯಮದ ಪ್ರಕಾರ ಸುಟ್ಟಾಗಿದೆ ಎಂದರು. ಅವಳು ನನ್ನ ಕೈ ಹಿಡಿದು ಮಲಯಾಳದಲ್ಲಿ ಏನೋ ಕೇಳಿದಳು. ಒಂದೇ ಪ್ರಶ್ನೆ, ಮತ್ತೆ ಮತ್ತೆ. ಮದ್ದು ಯಾಕೆ ಕೊಡಲಿಲ್ಲ ಎಂದು ಕೇಳುತ್ತಿದ್ದಾಳೆಂದು ನನಗೆ ಅರ್ಥವಾಯಿತು.

ಹೊಗೆಸೊಪ್ಪು ಬೇಯಿಸುವ ಕಾಲಕ್ಕೆ ರಿಪೋರ್ಟು ಬಂತಂತೆ. ಪರಿಚಯದ ಅಧಿಕಾರಿಯೊಬ್ಬರು ಫೋನಿನಲ್ಲಿ ದನಿ ತಗ್ಗಿಸಿ ಹೇಳಿದರು: "ನೀವು ಹೇಳಿದ್ದೇ ಸರಿ ಮೇಡಂ, ಮಣ್ಣಿನದೇ. ಪುಡಿ ಬರೀ ಸುಣ್ಣ." ಹಾಗಾದರೆ ಹೇಳಿಬಿಡಿ ಎಂದೆ. "ಈಗ ಹೇಳಿ ಏನು ಪ್ರಯೋಜನ? ಜನ ಮರೆತಿದ್ದಾರೆ" ಎಂದರು. ಊರೆಲ್ಲ ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದರು ಅನ್ನುತ್ತಾರಲ್ಲ, ಇವರು ಅದನ್ನೂ ಹಾಕಲಿಲ್ಲ.

ಹೋದ ತಿಂಗಳು ಹೂವಿನವಳ ಬಾಟಲಿ ವಾಪಸು ಕೊಟ್ಟವಳು ಮನೆಗೆ ಹೋಗಬೇಕಿತ್ತು. ಕಾಲು ಕಟ್ಟೆಮಳಲವಾಡಿ ಬಸ್ಸು ಹತ್ತಿತು. ಶಿವಣ್ಣನವರು ಮುಪ್ಪಾಗಿದ್ದಾರೆ, ವಿಭೂತಿ ಹಾಗೇ ಇದೆ. "ಬನ್ನಿ ಡಾಕ್ಟ್ರಮ್ಮ, ಎಷ್ಟ್ ವರ್ಸ ಆಯ್ತು!" ಎಂದು ಎಳನೀರು ಕೊಚ್ಚಿಸಿದರು. ಕೆರೆ ತುಂಬಿದೆ ನೋಡಿ ಬನ್ನಿ ಎಂದು ಏರಿಯ ಮೇಲೆ ಕರೆದೊಯ್ದರು. ಮಾರಮ್ಮನಿಗೆ ಟೈಲ್ಸ್ ಹಾಕಿದ ಪುಟ್ಟ ಗುಡಿಯಾಗಿದೆ. ಅದರ ಪಕ್ಕ ಒಂದು ಕಬ್ಬಿಣದ ಕಂಬ, ಅದರ ತುದಿಗೆ ಕ್ಯಾಮೆರಾ. ರಸ್ತೆಯ ಕಡೆಗೆ ಮುಖ. ಕ್ಯಾಮೆರಾದ ಬೆನ್ನ ಹಿಂದೆ ಕೆರೆಯ ಆ ಮೂಲೆ, ಅಲ್ಲಿ ಮೊಣಕಾಲುದ್ದ ಹಸಿರು ಹುಲ್ಲು, ಹುಲ್ಲಿನಲ್ಲಿ ಗೂಟಕ್ಕೆ ಕಟ್ಟಿದ ಒಂದು ಎಳೆಯ ಎತ್ತು.

"ಯಾರದು?" ಎಂದೆ.

"ನಮ್ದೇ. ಓದ್ ವರ್ಸ ತಂದೆ. ಎಂಗದೆ?"

"ಲಸಿಕೆ ಹಾಕ್ಸಿದೀರಾ?"

"ಎಲ್ಲೀದು? ಆ ಗಲಾಟೆಯಾದ್ಮೇಲೆ ಆ ಮದ್ದನ್ನ ಯಾವ ಡಾಕ್ಟ್ರೂ ತರಾಕಿಲ್ಲ, ನಾವೂ ಕೇಳಾಕಿಲ್ಲ."

"ಶಿವಣ್ಣನವರೇ, ಮೊದಲು ಆ ಎತ್ತನ್ನ ಅಲ್ಲಿಂದ ಬಿಚ್ಚಿ. ಆ ಮಣ್ಣಲ್ಲಿ ಏನಿದೆ ಅಂತ ನಿಮಗೆ ಗೊತ್ತಲ್ಲ!"

ಅವರು ನನ್ನನ್ನು ಮರುಕದಿಂದ ನೋಡಿದರು. ವಯಸ್ಸಾಗಿ ನನಗೆ ಮರೆವು ಬಂದಿದೆ ಎಂದುಕೊಂಡಿರಬೇಕು. "ಮಣ್ಣಲ್ಲಿ ಏನದೆ ಡಾಕ್ಟ್ರಮ್ಮ? ಆ ಕೇರಳದೋನು ಆಕಿದ್ ಪುಡಿ ತಾನೆ? ಅದು ಮಳೇಲಿ ಕೊಚ್ಕೊಂಡೋಗಿ ಯಾವ ಕಾಲ ಆಯ್ತು! ಪಾಪಿ, ನನ್ನ ಎತ್ತು ತಿಂದ್ಕೊಂಡ. ಕೇಳ್ದಾಗೆಲ್ಲಾ ಪಂಪು ರಿಪೇರಿ ಮಾಡ್ಕೊಡ್ತಿದ್ದ, ನಾವೇನ್ ಕಂಡ್ವಿ ಅವನ ಒಟ್ಟೇಲಿ ಏನದೆ ಅಂತ."

ಅವರ ಮುಖದಲ್ಲಿ ನಾನು ಸುಳ್ಳನ್ನು ಹುಡುಕಿದೆ. ಜಗಲಿಯ ಮೇಲೆ ಅವತ್ತು ನೆಲ ನೋಡುತ್ತಿದ್ದ ಕಣ್ಣು ಇವತ್ತು ನೇರವಾಗಿ ನನ್ನನ್ನೇ ನೋಡುತ್ತಿತ್ತು. ಅದರಲ್ಲಿ ಸುಳ್ಳಿರಲಿಲ್ಲ. ಜೋಸೆಫನನ್ನು ಕಾಲಿಗೆ ಬೀಳ್ತೀನಿ ಎಂದು ಕರೆದದ್ದನ್ನು ಹತ್ತಿರದಿಂದ ಕೇಳಿದ್ದವರು ಮೂವರು. ಒಬ್ಬ ಸತ್ತ, ಇನ್ನೊಬ್ಬರು ಅದು ನಡೆದೇ ಇಲ್ಲವೆಂದು ನಂಬಿದ್ದಾರೆ, ಉಳಿದವಳು ನಾನು, ನಿವೃತ್ತಳಾದ ದನದ ಡಾಕ್ಟರು.

"ಬಿಚ್ಚಿ ಅಂದೆ ನಾನು" ಎಂದು ಕೂಗಿದೆ.

ಶಿವಣ್ಣನವರು ಮೆಲ್ಲನೆ ನನ್ನ ಹೆಗಲು ಮುಟ್ಟಿ ಸಮಾಧಾನ ಮಾಡಿದರು. "ಎದ್ರುಕೋಬೇಡಿ ಕಣ್ರಮ್ಮ. ಇನ್ಯಾರು ಬಂದಾರು? ಕ್ಯಾಮ್ರಾ ಆಕ್ಸಿದೀವಲ್ಲ" ಎಂದರು. ಎತ್ತು ಬೇರು ಸಮೇತ ಒಂದು ಹಿಡಿ ಹುಲ್ಲು ಕಿತ್ತು, ಬೇರಿಗಂಟಿದ ಕರಿಮಣ್ಣನ್ನೂ ಸೇರಿಸಿ ಮೇಯುತ್ತಿತ್ತು.